ಆರಿದ್ರಾ ಮಳೆಯ ಚುಕ್ಕಿಯಿಂದ ನೀಹಾರಿಕೆಯವರೆಗೆ: ರಾತ್ರಿ ಆಕಾಶ ನೋಡಲು ಒಂದು ಮಾರ್ಗದರ್ಶಿ

ಜೂನ್ 22ರ ಸುಮಾರಿಗೆ ನಮ್ಮಲ್ಲಿ ಆರಿದ್ರಾ ಮಳೆ ಶುರುವಾಗುತ್ತದೆ. ಅದಕ್ಕೂ ಮುಂಚೆ ಮೃಗಶಿರಾ, ಅದಕ್ಕೂ ಮುಂಚೆ ರೋಹಿಣಿ. ಹೊಲ ಇರುವ ಮನೆಯಲ್ಲಿ ಬೆಳೆದವರಿಗೆ ಈ ಹೆಸರುಗಳು ಬಾಯಿಪಾಠ. ಆದರೆ ಆರಿದ್ರಾ ಅಂದರೆ ಆಕಾಶದಲ್ಲಿ ಯಾವ ಚುಕ್ಕಿ ಅಂತ ಕೇಳಿ ನೋಡಿ, ತೋರಿಸುವವರು ಕಡಿಮೆ. ಅದಕ್ಕೆ ಕಾರಣವೂ ಇದೆ. ಸೂರ್ಯ ಆ ನಕ್ಷತ್ರದ ದಿಕ್ಕಿನಲ್ಲಿ ಇರುವ ಎರಡು ವಾರಗಳಿಗೇ ನಾವು ಆರಿದ್ರಾ ಮಳೆ ಅನ್ನುವುದು. ಅಂದರೆ ಮಳೆ ಬೀಳುವಾಗ ಅದರ ಚುಕ್ಕಿ ಹಗಲಿನ ಬೆಳಕಲ್ಲಿ ಮುಳುಗಿರುತ್ತದೆ. ಮೋಡ ಇಲ್ಲದಿದ್ದರೂ ಕಾಣುವುದಿಲ್ಲ.

ಆರು ತಿಂಗಳು ಕಾಯಬೇಕು. ಡಿಸೆಂಬರ್‌ನಲ್ಲಿ ಸೂರ್ಯ ಅತ್ತ ಮುಳುಗುವಾಗ ಇತ್ತ ಪೂರ್ವದಲ್ಲಿ ಆರಿದ್ರಾ ಹುಟ್ಟುತ್ತದೆ. ರಾತ್ರಿಯಿಡೀ ಇರುತ್ತದೆ. ಅದರ ಪಕ್ಕದಲ್ಲೇ, ನಮ್ಮ ಬರಿಗಣ್ಣಿಗೆ ಅತಿ ಸುಲಭವಾಗಿ ಸಿಗುವ ನೀಹಾರಿಕೆಯೂ (ನಕ್ಷತ್ರಗಳ ನಡುವಿನ ಅನಿಲ, ದೂಳಿನ ಮೋಡ) ಇದೆ. ಅದಕ್ಕೇ ಆಕಾಶ ನೋಡಲು ಶುರು ಮಾಡುವವರಿಗೆ ನಾನು ಯಾವಾಗಲೂ ಹೇಳುವುದು ಇಷ್ಟೇ: ಇಡೀ ಆಕಾಶ ಕಲಿಯೋಕೆ ಹೋಗಬೇಡಿ. ಒಬ್ಬ ಬೇಟೆಗಾರನನ್ನು ಚೆನ್ನಾಗಿ ಪರಿಚಯ ಮಾಡಿಕೊಳ್ಳಿ. ಉಳಿದವರನ್ನು ಅವನೇ ತೋರಿಸುತ್ತಾನೆ.

ಆ ಬೇಟೆಗಾರನ ಹೆಸರು ಮಹಾವ್ಯಾಧ. ಇಂಗ್ಲಿಷ್‌ನಲ್ಲಿ ಓರಿಯನ್.

ಮೊದಲನೇ ಹೆಜ್ಜೆ: ದಿನ ಆರಿಸಿ

ಗೋಡೆಯ ಕ್ಯಾಲೆಂಡರ್ ತೆಗೆಯಿರಿ. ಅಮಾವಾಸ್ಯೆ ಎಲ್ಲಿದೆ ನೋಡಿ. ಪ್ರಕಾಶಮಾನ ನಕ್ಷತ್ರಗಳಿಗೆ ಹುಣ್ಣಿಮೆಯಾದರೂ ಅಡ್ಡಿಯಿಲ್ಲ, ಆದರೆ ನೀಹಾರಿಕೆಗೆ ಕತ್ತಲೆ ಬೇಕೇ ಬೇಕು. ನೀಹಾರ ಅಂದರೆ ಮಂಜು. ಮಂಜಿನಷ್ಟೇ ತೆಳು ಬೆಳಕು ಅದು, ಬೆಳದಿಂಗಳಲ್ಲಿ ಕರಗಿಹೋಗುತ್ತದೆ.

ಉತ್ತರ ಕರ್ನಾಟಕದವರಿಗೆ ಇದಕ್ಕೊಂದು ಸಿದ್ಧ ದಿನವೇ ಇದೆ. ಎಳ್ಳ ಅಮಾವಾಸ್ಯೆ. ಮನೆಮಂದಿ ಎಲ್ಲ ಹೊಲಕ್ಕೆ ಹೋಗಿ, ಚರಗ ಚೆಲ್ಲಿ, ಊಟ ಮಾಡಿ ಸಂಜೆ ವಾಪಸಾಗುತ್ತಾರೆ. ಆ ದಿನ ಇನ್ನೊಂದೆರಡು ಗಂಟೆ ಹೊಲದಲ್ಲೇ ಉಳಿಯಿರಿ. ಚಂದ್ರ ಇಲ್ಲ, ಮೋಡ ಇಲ್ಲ, ಬೀದಿದೀಪ ಇಲ್ಲ, ಮಹಾವ್ಯಾಧ ಪೂರ್ವದಲ್ಲಿ ಎದ್ದಿರುತ್ತಾನೆ. ಇದಕ್ಕಿಂತ ಒಳ್ಳೆಯ ಹೊತ್ತು ನನಗೆ ಗೊತ್ತಿಲ್ಲ.

ಸಮಯದ ಲೆಕ್ಕ ಹೀಗೆ. ಡಿಸೆಂಬರ್ ಮಧ್ಯದಲ್ಲಿ ರಾತ್ರಿ 8ಕ್ಕೆ ಅವನು ಪೂರ್ವದಲ್ಲಿರುತ್ತಾನೆ. ಜನವರಿ ಮಧ್ಯದಲ್ಲಿ 10ರ ಹೊತ್ತಿಗೆ ನೆತ್ತಿಯ ಹತ್ತಿರ ಬರುತ್ತಾನೆ. ಫೆಬ್ರವರಿ ಮಧ್ಯದಲ್ಲಿ 8ಕ್ಕೇ ಅಲ್ಲಿಗೆ ತಲುಪಿರುತ್ತಾನೆ. ನಕ್ಷತ್ರಗಳು ದಿನಕ್ಕೆ ಸುಮಾರು 4 ನಿಮಿಷ ಬೇಗ ಹುಟ್ಟುತ್ತವೆ, ತಿಂಗಳಿಗೆ 2 ಗಂಟೆ. ಏಪ್ರಿಲ್ ಕೊನೆಗೆ ಅವನು ಪಶ್ಚಿಮದಲ್ಲಿ ಇಳಿದುಬಿಟ್ಟಿರುತ್ತಾನೆ.

ಎರಡನೇ ಹೆಜ್ಜೆ: ಕಣ್ಣಿಗೆ ಕತ್ತಲೆ ಅಭ್ಯಾಸ ಮಾಡಿಸಿ

ಎಲ್ಲರೂ ಹಾರಿಸಿಬಿಡುವ ಹೆಜ್ಜೆ ಇದು. ಎಲ್ಲಕ್ಕಿಂತ ಮುಖ್ಯವಾದದ್ದೂ ಇದೇ.

ಬೆಳಕಿನಿಂದ ಹೊರಬಂದ ಕಣ್ಣು ಪೂರ್ತಿ ತಯಾರಾಗಲು 20ರಿಂದ 30 ನಿಮಿಷ ಬೇಕು. ಪಾಪೆ ಹಿಗ್ಗುವುದು ಕೂಡಲೇ ಆಗುತ್ತದೆ. ಆದರೆ ಕಣ್ಣಿನ ಹಿಂಪರದೆಯಲ್ಲಿ ಮಂದ ಬೆಳಕನ್ನು ಹಿಡಿಯುವ ಕೋಶಗಳು ನಿಧಾನಕ್ಕೆ ಚುರುಕಾಗುತ್ತವೆ. ಅಷ್ಟರಲ್ಲಿ ಯಾರಾದರೂ ವಾಟ್ಸಾಪ್ ನೋಡಿದರೆ ಮುಗಿಯಿತು, ಮತ್ತೆ ಮೊದಲಿನಿಂದ.

ಟಾರ್ಚ್ ಬೇಕಾದರೆ ಅದರ ಬಾಯಿಗೆ ಕೆಂಪು ಕಾಗದ ಕಟ್ಟಿ. ಸ್ವೀಟ್ ಡಬ್ಬಕ್ಕೆ ಸುತ್ತಿ ಕೊಡುತ್ತಾರಲ್ಲ, ಆ ಕೆಂಪು ಹೊಳೆಯುವ ಕಾಗದವನ್ನು ಎರಡು ಮಡಿಕೆ ಹಾಕಿ ರಬ್ಬರ್ ಬ್ಯಾಂಡ್ ಬಿಗಿದರೆ ಸಾಕು. ಮಂದವಾದ ಕೆಂಪು ಬೆಳಕು ಆ ಕೋಶಗಳನ್ನು ಅಷ್ಟಾಗಿ ಕೆಡಿಸುವುದಿಲ್ಲ. ಮೊಬೈಲಿನಲ್ಲಿ ಆಕಾಶದ ನಕ್ಷೆ ತೋರಿಸುವ ಸ್ಟೆಲೇರಿಯಂ ಥರದ ಆ್ಯಪ್ ಹಾಕಿಕೊಂಡಿದ್ದರೆ ಅದರಲ್ಲಿರುವ ಕೆಂಪು ಪರದೆಯನ್ನು ಆನ್ ಮಾಡಿ, ಬೆಳಕನ್ನು ಪೂರ್ತಿ ಇಳಿಸಿ.

ಬೆಂಗಳೂರಿನ ಒಳಗೇ ಇರುವವರು ನಿರಾಸೆಯಾಗಬೇಡಿ. ತಾರಸಿಯಲ್ಲಿ ನೀರಿನ ಟ್ಯಾಂಕಿನ ಮರೆ ಹುಡುಕಿ. ಬೀದಿದೀಪ ನೇರವಾಗಿ ಕಣ್ಣಿಗೆ ಬೀಳದಿದ್ದರೆ ಅರ್ಧ ಕೆಲಸ ಆದ ಹಾಗೆ. ಇಲ್ಲಿ ಹೇಳುವ ನಕ್ಷತ್ರಗಳೆಲ್ಲ ಊರೊಳಗಿಂದಲೂ ಕಾಣುತ್ತವೆ. ಮಹಾವ್ಯಾಧನ ನೀಹಾರಿಕೆ ಕೂಡ ಬೈನಾಕ್ಯುಲರಿನಲ್ಲಿ ಸಿಗುತ್ತದೆ. ಆದರೂ ವರ್ಷಕ್ಕೆ ಒಂದು ಸಲವಾದರೂ ಊರಾಚೆ ಹೋಗಿ. ಬೆಂಗಳೂರಿನ ಭಾರತೀಯ ಖಭೌತ ಸಂಸ್ಥೆ ತನ್ನ 2 ಮೀಟರ್ ದೂರದರ್ಶಕವನ್ನು ಲಡಾಖಿನ ಹಾನ್ಲೆಯಲ್ಲಿ, ಸುಮಾರು 4,500 ಮೀಟರ್ ಎತ್ತರದಲ್ಲಿ ಇಟ್ಟಿದೆ. ಅದನ್ನು ನಡೆಸುವುದು ಇಲ್ಲೇ ಹೊಸಕೋಟೆಯಲ್ಲಿ ಕೂತು. ಒಣ ಗಾಳಿಗೆ, ಕತ್ತಲೆಗೆ ಅಷ್ಟು ಬೆಲೆ.

ಮೂರನೇ ಹೆಜ್ಜೆ: ಕೈಯನ್ನೇ ಅಳತೆಗೋಲು ಮಾಡಿಕೊಳ್ಳಿ

ಕೈ ಪೂರ್ತಿ ಮುಂದೆ ಚಾಚಿ. ಕಿರುಬೆರಳಿನ ಅಗಲ ಸುಮಾರು 1 ಡಿಗ್ರಿ. ನಡುವಿನ ಮೂರು ಬೆರಳು ಸೇರಿದರೆ 5. ಮುಷ್ಟಿ 10. ಗೇಣು, ಅಂದರೆ ಹೆಬ್ಬೆರಳಿನ ತುದಿಯಿಂದ ಕಿರುಬೆರಳಿನ ತುದಿ, 20ಕ್ಕಿಂತ ತುಸು ಜಾಸ್ತಿ. ಮಕ್ಕಳ ಕೈ ಚಿಕ್ಕದು, ಆದರೆ ತೋಳೂ ಅಷ್ಟೇ ಗಿಡ್ಡ. ಲೆಕ್ಕ ಸರಿಹೋಗುತ್ತದೆ.

ನಾಲ್ಕನೇ ಹೆಜ್ಜೆ: ಸೊಂಟಪಟ್ಟಿ ಹುಡುಕಿ

ಪೂರ್ವಕ್ಕೆ ಮುಖ ಮಾಡಿ. ಒಂದೇ ಸಾಲಿನಲ್ಲಿ, ಒಂದೇ ಅಂತರದಲ್ಲಿ, ಹೆಚ್ಚೂಕಮ್ಮಿ ಒಂದೇ ಹೊಳಪಿನ ಮೂರು ಚುಕ್ಕಿ ಕಾಣುತ್ತವೆ. ಮೂರೂ ಸೇರಿ ಎರಡು ಬೆರಳಿನಷ್ಟು ಉದ್ದ. ಆಕಾಶದಲ್ಲಿ ಇಷ್ಟು ಅಚ್ಚುಕಟ್ಟಾದ ಸಾಲು ಇನ್ನೆಲ್ಲೂ ಇಲ್ಲ. ಅದು ಬೇಟೆಗಾರನ ಸೊಂಟಪಟ್ಟಿ. ಅದರಲ್ಲಿ ಮೊದಲು ಹುಟ್ಟುವ ಚುಕ್ಕಿ ಹೆಚ್ಚೂಕಮ್ಮಿ ಸರಿಯಾಗಿ ಪೂರ್ವದಲ್ಲೇ ಹುಟ್ಟಿ ಪಶ್ಚಿಮದಲ್ಲೇ ಮುಳುಗುತ್ತದೆ. ಹೊಸ ಜಾಗದಲ್ಲಿ ದಿಕ್ಕು ತಪ್ಪಿದರೆ ನೆನಪಿಡಿ.

ಇಲ್ಲಿ ಒಂದು ಗೊಂದಲ ಆಗುತ್ತದೆ, ಮೊದಲೇ ಹೇಳಿಬಿಡುತ್ತೇನೆ. ಪುಸ್ತಕದ ಚಿತ್ರಗಳಲ್ಲಿ ಬೇಟೆಗಾರ ನೆಟ್ಟಗೆ ನಿಂತಿರುತ್ತಾನೆ. ನಮ್ಮಲ್ಲಿ ಅವನು ಮಲಗಿಕೊಂಡೇ ಹುಟ್ಟುತ್ತಾನೆ. ತಲೆ ಎಡಕ್ಕೆ, ಕಾಲು ಬಲಕ್ಕೆ. ಸೊಂಟಪಟ್ಟಿ ಮೇಲಿಂದ ಕೆಳಕ್ಕೆ ಓರೆಯಾಗಿ ನಿಂತಿರುತ್ತದೆ. ಅವನು ನೆತ್ತಿಗೆ ಬಂದ ಮೇಲೆ ದಕ್ಷಿಣಕ್ಕೆ ಮುಖ ಮಾಡಿ ನೋಡಿದರೆ ಚಿತ್ರದ ಹಾಗೆ ಕಾಣುತ್ತಾನೆ. ಅಷ್ಟು ಎತ್ತರ ನೋಡಿ ಕತ್ತು ನೋಯಿಸಿಕೊಳ್ಳಬೇಡಿ. ಚಾಪೆ ಹಾಸಿ, ದಕ್ಷಿಣಕ್ಕೆ ಕಾಲು ಚಾಚಿ ಮಲಗಿ. ಉತ್ತರಕ್ಕೆ ತಲೆ ಹಾಕಬಾರದು ಅಂತ ಮನೆಯಲ್ಲಿ ಹಿರಿಯರು ಹೇಳಿದರೆ, ಇದು ನಿದ್ದೆಗಲ್ಲ, ನೋಡೋಕೆ ಅಂತ ಹೇಳಿ. ಅವರನ್ನೂ ಪಕ್ಕದಲ್ಲಿ ಮಲಗಿಸಿಕೊಳ್ಳಿ. ಆಸ್ಟ್ರೇಲಿಯಾದಲ್ಲಿರುವ ನಮ್ಮವರಿಗೆ ಇದೇ ಬೇಟೆಗಾರ ತಲೆಕೆಳಗಾಗಿ ಕಾಣುತ್ತಾನೆ.

ಸೊಂಟಪಟ್ಟಿಯ ಉತ್ತರಕ್ಕೆ ಒಂದು ಮುಷ್ಟಿ ದೂರದಲ್ಲಿ ಕೆಂಡದ ಬಣ್ಣದ ಚುಕ್ಕಿ ಇದೆ. ಅದೇ ಆರಿದ್ರಾ, ಬೀಟಲ್‌ಜ್ಯೂಸ್. ಬೇಟೆಗಾರನ ಒಂದು ಭುಜ. ಸೊಂಟಪಟ್ಟಿಯ ಇನ್ನೊಂದು ಕಡೆ ಅಷ್ಟೇ ದೂರದಲ್ಲಿ ನೀಲಿ ಮಿಶ್ರಿತ ಬಿಳಿ ಚುಕ್ಕಿ, ರೈಜೆಲ್. ಅದು ಕಾಲು. ಈ ಎರಡರ ಬಣ್ಣವನ್ನು ಒಂದಾದ ಮೇಲೆ ಒಂದು ನಿಧಾನವಾಗಿ ನೋಡಿ. ನಕ್ಷತ್ರಕ್ಕೆ ಬಣ್ಣ ಇದೆ ಅನ್ನೋದು ಆಗ ಮನಸ್ಸಿಗೆ ಇಳಿಯುತ್ತದೆ. ಕೆಂಪಾದದ್ದು ತಣ್ಣನೆಯದು, ನೀಲಿ ಬಿಸಿ. ಕುಲುಮೆಯ ಕಬ್ಬಿಣದ ಹಾಗೇ, ಕಾವು ಏರಿದಂತೆ ಕೆಂಪು ಹೋಗಿ ಬಿಳಿಯಾಗುತ್ತದೆ.

ಆರಿದ್ರಾ ಒಂದೇ ಹೊಳಪಿನಲ್ಲಿ ಇರುವುದಿಲ್ಲ. 2019ರ ಕೊನೆಯಿಂದ 2020ರ ಫೆಬ್ರವರಿವರೆಗೆ ಅದು ಎಷ್ಟು ಮಂಕಾಯಿತೆಂದರೆ, ಬರಿಗಣ್ಣಿಗೇ ವ್ಯತ್ಯಾಸ ಗೊತ್ತಾಗುತ್ತಿತ್ತು. ಇನ್ನೊಂದು ಭುಜದ ಬೆಲಾಟ್ರಿಕ್ಸ್ ಚುಕ್ಕಿಯಷ್ಟೇ ಸಪ್ಪೆಯಾಗಿತ್ತು. ಆಮೇಲೆ ಚೇತರಿಸಿಕೊಂಡಿತು. ನಕ್ಷತ್ರ ಹೊರಗೆಸೆದ ದೂಳು ಅದಕ್ಕೆ ಕಾರಣ ಅನ್ನುತ್ತಾರೆ ವಿಜ್ಞಾನಿಗಳು. ಎರಡೂ ಭುಜಗಳನ್ನು ಹೋಲಿಸಿ ನೋಡುವುದನ್ನು ರೂಢಿ ಮಾಡಿಕೊಳ್ಳಿ. ಮತ್ತೆ ಮಂಕಾದರೆ ನಿಮಗೇ ಗೊತ್ತಾಗುತ್ತದೆ.

ಐದನೇ ಹೆಜ್ಜೆ: ಸೊಂಟಪಟ್ಟಿಯಿಂದ ಗೆರೆ ಎಳೆಯಿರಿ

ಮೂರು ಚುಕ್ಕಿಗಳ ಗೆರೆಯನ್ನು ಆಗ್ನೇಯದ ಕಡೆಗೆ ಒಂದು ಗೇಣು ಮುಂದುವರಿಸಿ. ಹೊಳೆಯುತ್ತಾ ಮಿನುಗುವ ಬಿಳಿ ನಕ್ಷತ್ರಕ್ಕೆ ಹೋಗಿ ನಿಲ್ಲುತ್ತೀರಿ. ಅದು ಲುಬ್ಧಕ, ಸಿರಿಯಸ್. ಇಡೀ ರಾತ್ರಿ ಆಕಾಶದಲ್ಲೇ ಅತಿ ಪ್ರಕಾಶಮಾನ ನಕ್ಷತ್ರ. ನಮಗೆ ಬರೀ 8.6 ಜ್ಯೋತಿರ್ವರ್ಷ ದೂರ, ಅಂದರೆ ಅದರ ಬೆಳಕು ನಮ್ಮನ್ನು ತಲುಪಲು 8.6 ವರ್ಷ ಬೇಕು. ಅದಕ್ಕಿಂತ ಜಾಸ್ತಿ ಹೊಳೆಯುವುದು, ಆದರೆ ಮಿನುಗದೆ ಸ್ಥಿರವಾಗಿರುವುದು ಕಂಡರೆ ಅದು ಗ್ರಹ. ಹೆಚ್ಚಾಗಿ ಗುರು ಅಥವಾ ಶುಕ್ರ.

ಅದೇ ಗೆರೆಯನ್ನು ಉಲ್ಟಾ ದಿಕ್ಕಿಗೆ, ವಾಯವ್ಯದ ಕಡೆಗೆ ಒಂದು ಗೇಣು ಎಳೆಯಿರಿ. ಕಿತ್ತಳೆ ಬಣ್ಣದ ರೋಹಿಣಿ ಸಿಗುತ್ತದೆ. ಇನ್ನೊಂದೂವರೆ ಮುಷ್ಟಿ ಮುಂದೆ ಹೋದರೆ ಪುಟ್ಟ ಗೊಂಚಲು. ಅದು ಕೃತ್ತಿಕಾ. ಮೊದಲ ನೋಟಕ್ಕೆ ಮಸುಕಾದ ಮೋಡದ ಹಾಗೆ, ಕಣ್ಣು ನಿಂತ ಮೇಲೆ ಆರು ಬಿಡಿ ಚುಕ್ಕಿಗಳಾಗಿ ಕಾಣುತ್ತದೆ. ಷಣ್ಮುಖನನ್ನು ಸಾಕಿದ ಆರು ಕೃತ್ತಿಕೆಯರು ಇವರೇ. ಕಾರ್ತಿಕ ಹುಣ್ಣಿಮೆಯ ಚಂದ್ರ ಇವರ ಹತ್ತಿರವೇ ಇರುತ್ತಾನೆ, ತಿಂಗಳಿಗೆ ಆ ಹೆಸರು ಬಂದದ್ದೂ ಹಾಗೇ.

ಇನ್ನು ಲುಬ್ಧಕದಿಂದ ನೇರ ದಕ್ಷಿಣಕ್ಕೆ ಇಳಿಯಿರಿ. ಮೂರೂವರೆ ಮುಷ್ಟಿ ಕೆಳಗೆ ಒಂಟಿಯಾಗಿ ಒಂದು ದೊಡ್ಡ ನಕ್ಷತ್ರ. ಅಗಸ್ತ್ಯ, ಕ್ಯಾನೋಪಸ್. ಹೊಳಪಿನಲ್ಲಿ ಲುಬ್ಧಕದ ನಂತರದ ಸ್ಥಾನ ಇದಕ್ಕೆ. ವಿಂಧ್ಯ ದಾಟಿ ದಕ್ಷಿಣಕ್ಕೆ ಬಂದು ಇಲ್ಲೇ ಉಳಿದ ಋಷಿಯ ಹೆಸರು ಈ ನಕ್ಷತ್ರಕ್ಕೆ ಎಷ್ಟು ಚೆನ್ನಾಗಿ ಒಪ್ಪುತ್ತದೆ ನೋಡಿ. ಉತ್ತರಕ್ಕೆ ಹೋದಷ್ಟೂ ಅಗಸ್ತ್ಯ ದಿಗಂತಕ್ಕೆ ಇಳಿಯುತ್ತಾನೆ. ಬೆಂಗಳೂರಿನಲ್ಲಿ 24 ಡಿಗ್ರಿವರೆಗೆ ಏರುತ್ತಾನೆ, ಬೀದರಿನಲ್ಲಿ 19ರ ಆಸುಪಾಸು. ಲಂಡನ್ನಿನಲ್ಲೋ ನ್ಯೂಜೆರ್ಸಿಯಲ್ಲೋ ನೆಲೆಸಿರುವ ಕನ್ನಡಿಗರಿಗೆ ಅವನ ದರ್ಶನವೇ ಇಲ್ಲ. ರಜೆಗೆ ಊರಿಗೆ ಬಂದಾಗ ದಕ್ಷಿಣಕ್ಕೆ ಒಮ್ಮೆ ಕಣ್ಣು ಹಾಯಿಸಿ.

ಆರನೇ ಹೆಜ್ಜೆ: ನೀಹಾರಿಕೆ

ಈಗ ಸೊಂಟಪಟ್ಟಿಗೆ ವಾಪಸ್ ಬನ್ನಿ. ಅದರಿಂದ ಒಂದು ಚಿಕ್ಕ ಕತ್ತಿ ನೇತಾಡುತ್ತಿದೆ ಅಂದುಕೊಳ್ಳಿ. ಅದೂ ಮೂರು ಚುಕ್ಕಿಗಳ ಸಾಲೇ, ಆದರೆ ತೀರಾ ಮಂಕು. ಸೊಂಟಪಟ್ಟಿಯಿಂದ ಮೂರು ಬೆರಳಿನೊಳಗೇ ಸಿಗುತ್ತದೆ. ಬೇಟೆಗಾರ ನೆತ್ತಿಯಲ್ಲಿದ್ದರೆ ಕತ್ತಿ ಸೊಂಟಪಟ್ಟಿಯ ಕೆಳಗೆ, ಪೂರ್ವದಲ್ಲಿ ಈಗಷ್ಟೇ ಎದ್ದಿದ್ದರೆ ಬಲಕ್ಕೆ. ಪೂರ್ವದಲ್ಲಿದ್ದಾಗಲೂ ಕೆಳಗೇ ಹುಡುಕಿ ಸಿಗದೆ ಬಿಟ್ಟವರು ಬಹಳ ಜನ.

ಕತ್ತಿಯ ನಡುವಿನ ಚುಕ್ಕಿಯನ್ನು ನೋಡಿ. ಅಕ್ಕಪಕ್ಕದವು ಚೂಪಾಗಿವೆ, ಇದು ಮಾತ್ರ ಒರೆಸಿದ ಹಾಗಿದೆ ಅಲ್ವಾ? ಅದೇ ಮಹಾವ್ಯಾಧನ ನೀಹಾರಿಕೆ, ಎಂ 42. ಫ್ರಾನ್ಸಿನ ಷಾರ್ಲ್ ಮೆಸ್ಸಿಯೇ ಧೂಮಕೇತು ಹುಡುಕುವವರು ಮೋಸ ಹೋಗದಿರಲಿ ಅಂತ ಇಂಥ ಮಸುಕು ಕಲೆಗಳ ಪಟ್ಟಿ ಮಾಡಿದ. 1774ರಲ್ಲಿ ಅಚ್ಚಾದ ಮೊದಲ ಪಟ್ಟಿಯಲ್ಲೇ ಇದು 42ನೆಯದು.

ಈಗ ಒಂದು ಉಪಾಯ. ಅದನ್ನು ನೇರವಾಗಿ ದಿಟ್ಟಿಸಬೇಡಿ. ನೋಟವನ್ನು ತುಸು ಪಕ್ಕಕ್ಕೆ ಇಟ್ಟು, ಗಮನ ಮಾತ್ರ ಅದರ ಮೇಲಿರಲಿ. ಕಣ್ಣಿನ ನಟ್ಟನಡುವಿನ ಭಾಗ ಬಣ್ಣಕ್ಕೆ, ವಿವರಕ್ಕೆ. ಮಂದ ಬೆಳಕು ಹಿಡಿಯುವ ಕೋಶಗಳು ಅದರ ಸುತ್ತ ಇರುತ್ತವೆ. ಓರೆ ನೋಟದಲ್ಲಿ ನೀಹಾರಿಕೆ ಇದ್ದಕ್ಕಿದ್ದಂತೆ ಅಗಲವಾಗುತ್ತದೆ. ನೇರ ನೋಡಿದ ಕೂಡಲೇ ಮುದುಡಿಕೊಳ್ಳುತ್ತದೆ. ಹತ್ತು ಸಲ ಹೀಗೆ ಮಾಡಿ ನೋಡಿ. ಮುಂದೆ ನೀವು ಹುಡುಕುವ ಪ್ರತಿ ನೀಹಾರಿಕೆಗೂ ಈ ಅಭ್ಯಾಸ ಬೇಕು.

ಆಮೇಲೆ ಬೈನಾಕ್ಯುಲರ್ ಎತ್ತಿ. ಹೊಸದಾಗಿ ಕೊಳ್ಳುವುದಾದರೆ 10x50 ಅಥವಾ 7x50 ಸಾಕು. ಮೊದಲ ಅಂಕಿ ಎಷ್ಟು ಪಟ್ಟು ಹತ್ತಿರ ತರುತ್ತದೆ ಅನ್ನೋದು, ಎರಡನೆಯದು ಮುಂದಿನ ಗಾಜಿನ ಅಗಲ ಮಿಲಿಮೀಟರ್‌ಗಳಲ್ಲಿ. ಕತ್ತಲೆಯಲ್ಲಿ ಎರಡನೇ ಅಂಕಿಗೇ ಬೆಲೆ ಜಾಸ್ತಿ. ಮೊದಲೇ ಟೆಲಿಸ್ಕೋಪ್ ತರಬೇಡಿ, ದಯವಿಟ್ಟು. ಡಬ್ಬದ ಮೇಲೆ ನೂರಾರು ಪಟ್ಟು ಅಂತ ಬರೆದ, ಅಲುಗಾಡುವ ಸ್ಟ್ಯಾಂಡಿನ ಪುಟ್ಟ ಟೆಲಿಸ್ಕೋಪ್‌ನಿಂದ ಆಸಕ್ತಿಯನ್ನೇ ಕಳೆದುಕೊಂಡ ಮಕ್ಕಳನ್ನು ನೋಡಿದ್ದೇನೆ. ತುಂಬಾ ಬೇಸರದ ಸಂಗತಿ ಅದು.

ಮೊಣಕೈಯನ್ನು ತಾರಸಿಯ ಗೋಡೆಗೋ, ಕುರ್ಚಿಯ ಕೈಗೋ ಊರಿ. ಮೊದಲು ಸೊಂಟಪಟ್ಟಿಯನ್ನು ಗಾಜಿನೊಳಗೆ ತನ್ನಿ. ಚುಕ್ಕಿಗಳು ಸೂಜಿಮೊನೆಯಾಗುವವರೆಗೆ ನಡುವಿನ ಚಕ್ರ ತಿರುಗಿಸಿ. ನಂತರ ನಿಧಾನ ಕತ್ತಿಯ ಕಡೆ ಸರಿಯಿರಿ. ಕಾಣುವುದು ಬೂದು ಬಣ್ಣದ, ಬೀಸಣಿಗೆ ಬಿಚ್ಚಿದ ಆಕಾರದ ಬೆಳಕು. ಅದರೊಳಗೆ ಕೆಲವು ಚೂಪು ಚುಕ್ಕಿಗಳು.

ಎರಡು ಚಳಿಗಾಲದ ಹಿಂದೆ ಅಕ್ಕನ ಮಗಳಿಗೆ ಹೊಲದ ಬದುವಿನ ಮೇಲೆ ಕೂರಿಸಿ ತೋರಿಸಿದೆ. ಎಂಟು ವರ್ಷದ ಹುಡುಗಿ. ಬೈನಾಕ್ಯುಲರ್ ಭಾರ ತಡೆಯದೆ ಕೈ ನಡುಗುತ್ತಿತ್ತು. ನನ್ನ ಹೆಗಲ ಮೇಲೆ ಅದನ್ನು ಊರಿಸಿ, ಉಸಿರು ಹಿಡಿದು ನೋಡು ಅಂದೆ. ಸ್ವಲ್ಪ ಹೊತ್ತು ಮಾತೇ ಇಲ್ಲ. ಆಮೇಲೆ "ಮಾಮಾ, ಕನ್ನಡಿ ಮೇಲೆ ಯಾರೋ ಹಾ ಅಂತ ಉಸಿರು ಬಿಟ್ಟಿದ್ದಾರೆ" ಅಂದಳು. ಗಾಜಿನ ಮೇಲೆ ಅವಳದೇ ಉಸಿರು ಕೂತಿದೆಯೇನೋ ಅಂತ ಒರೆಸಿ ಕೊಟ್ಟೆ. ಮತ್ತೆ ನೋಡಿ, "ಇಲ್ಲ, ಅಲ್ಲೇ ಇದೆ" ಅಂದಳು. ಎಂ 42ಕ್ಕೆ ಇದಕ್ಕಿಂತ ಸರಿಯಾದ ವರ್ಣನೆ ನಾನು ಕೇಳಿಲ್ಲ.

ಫೋಟೋಗಳಲ್ಲಿರುವ ಗುಲಾಬಿ, ನೇರಳೆ ಬಣ್ಣ ಹುಡುಕಬೇಡಿ. ಆ ಗುಲಾಬಿ ನಿಜವಾದದ್ದೇ, ಬಿಸಿಯಾದ ಹೈಡ್ರೋಜನ್ ಹೊರಸೂಸುವ ಕೆಂಪು ಬೆಳಕಿನಿಂದ ಬಂದದ್ದು. ಕ್ಯಾಮೆರಾ ನಿಮಿಷಗಟ್ಟಲೆ ಬೆಳಕು ಕೂಡಿಹಾಕಿ ಅದನ್ನು ಹಿಡಿಯುತ್ತದೆ. ನಮ್ಮ ಕಣ್ಣಿನ ಮಂದಬೆಳಕಿನ ಕೋಶಗಳಿಗೆ ಬಣ್ಣ ತಿಳಿಯುವುದಿಲ್ಲ. ಒಳ್ಳೆಯ ಟೆಲಿಸ್ಕೋಪ್‌ನಲ್ಲಿ ನೋಡಿದಾಗ ಕೆಲವರಿಗೆ ತುಸು ಹಸಿರು ಛಾಯೆ ಕಾಣುತ್ತದೆ. ಚಿಕ್ಕ ಟೆಲಿಸ್ಕೋಪ್ ಸಿಕ್ಕರೂ ನೀಹಾರಿಕೆಯ ನಡುವೆ ಒತ್ತೊತ್ತಾಗಿ ನಿಂತ ನಾಲ್ಕು ನಕ್ಷತ್ರ ಎಣಿಸಬಹುದು. ಅಲ್ಲೇ ಹುಟ್ಟಿದ ಎಳೆಯ ನಕ್ಷತ್ರಗಳು ಅವು. ಇಡೀ ಮಂಜು ಬೆಳಗುತ್ತಿರುವುದು ಮುಖ್ಯವಾಗಿ ಅವುಗಳಲ್ಲೇ ಒಂದರ ಕಾವಿನಿಂದ.

ಆ ಬೆಳಕು ನಿಮ್ಮ ಕಣ್ಣಿಗೆ ಬರಲು ಸುಮಾರು 1,340 ವರ್ಷ ಹಿಡಿದಿದೆ. ಹೊರಟಾಗ ಇಲ್ಲಿ ಬಾದಾಮಿ ಚಾಲುಕ್ಯರು ಆಳುತ್ತಿದ್ದರು. ರೈಜೆಲ್‌ನ ಬೆಳಕು ಸುಮಾರು 860 ವರ್ಷದ್ದು, ಹೆಚ್ಚೂಕಮ್ಮಿ ಕಲ್ಯಾಣದಲ್ಲಿ ಶರಣರಿದ್ದ ಕಾಲದ್ದು.

ಏಳನೇ ಹೆಜ್ಜೆ: ಶಿವರಾತ್ರಿ ಜಾಗರಣೆ

ಎಂ 42 ಕೈಗೆ ಬಂದ ಮೇಲೆ ಒಂದು ಇಡೀ ರಾತ್ರಿಯನ್ನು ಆಕಾಶಕ್ಕೆ ಕೊಡಿ. ಅದಕ್ಕೆ ನಾನು ಆರಿಸುವುದು ಶಿವರಾತ್ರಿ. ಅಮಾವಾಸ್ಯೆಯ ಹಿಂದಿನ ದಿನ, ಚಂದ್ರನ ಕಾಟವಿಲ್ಲ. ಹೇಗೂ ಊರೆಲ್ಲ ಎಚ್ಚರ ಇರುತ್ತದೆ. ದೇವಸ್ಥಾನದ ದೀಪಗಳಿಂದ ಸ್ವಲ್ಪ ದೂರ ಹೋದರೆ ಆಯಿತು. ಸ್ವೆಟರ್, ಚಾಪೆ, ಫ್ಲಾಸ್ಕಿನಲ್ಲಿ ಬಿಸಿ ಏನಾದರೂ ಇರಲಿ. ಹಳ್ಳಿ ಕಡೆ ಹುಲ್ಲಿನಲ್ಲಿ ಹಾವಿನ ಭಯ ಇರುತ್ತದೆ, ಜಾಗವನ್ನು ಬೆಳಕಿರುವಾಗಲೇ ನೋಡಿಟ್ಟುಕೊಳ್ಳಿ.

ಸಂಜೆ 8ಕ್ಕೆ ಬೇಟೆಗಾರ ನೆತ್ತಿಯ ಆಸುಪಾಸಿನಲ್ಲಿರುತ್ತಾನೆ. ಎಂ 42 ನೋಡಲು ಇದೂ ಒಳ್ಳೆಯ ಹೊತ್ತು.

ರಾತ್ರಿ 1ರಿಂದ 2ರ ನಡುವೆ ದಕ್ಷಿಣ ದಿಗಂತ ನೋಡಿ. ತ್ರಿಶಂಕು, ಅಂದರೆ ಸದರ್ನ್ ಕ್ರಾಸ್, ತುಸು ಎಡಕ್ಕೆ ವಾಲಿ ಎದ್ದಿರುತ್ತದೆ. ಅದರಿಂದ ಬಲಕ್ಕೆ ಒಂದು ಮುಷ್ಟಿಗಿಂತ ಸ್ವಲ್ಪ ಜಾಸ್ತಿ ದೂರದಲ್ಲಿ ಬೈನಾಕ್ಯುಲರ್ ಆಡಿಸಿ. ಕರೀನಾ ನೀಹಾರಿಕೆ ಅಲ್ಲಿದೆ. ಆಕಾಶದಲ್ಲಿ ಎಂ 42ಕ್ಕಿಂತ ದೊಡ್ಡದು. ಯೂರೋಪಿನ ಬಹುಪಾಲು ಜನಕ್ಕೆ ಕಾಣುವುದೇ ಇಲ್ಲ, ನಮಗೆ ಕಾಣುತ್ತದೆ. ಬೆಂಗಳೂರಿನ ಅಕ್ಷಾಂಶದಲ್ಲಿ ಅದು 17 ಡಿಗ್ರಿವರೆಗೆ ಮಾತ್ರ ಏರುತ್ತದೆ. ಹಾಗಾಗಿ ದಕ್ಷಿಣಕ್ಕೆ ಗುಡ್ಡ, ಮರ, ಊರಿನ ಬೆಳಕು ಇರಬಾರದು. ಮೈಸೂರು, ಚಾಮರಾಜನಗರ ಕಡೆಯವರಿಗೆ ತುಸು ಅನುಕೂಲ. ಮೊದಲ ಸಲ ಸಿಗದಿದ್ದರೆ ಬಿಡಬೇಡಿ, ದಿಗಂತದ ದೂಳು ಕಡಿಮೆ ಇರುವ ರಾತ್ರಿಯೇ ಬೇಕು ಇದಕ್ಕೆ.

ಇದೇ ಹೊತ್ತಿಗೆ ಬೇಟೆಗಾರ ಪಶ್ಚಿಮದಲ್ಲಿ ಇಳಿಯುತ್ತಿರುತ್ತಾನೆ. ಆಗ್ನೇಯದಲ್ಲಿ ವೃಶ್ಚಿಕ ತಲೆ ಎತ್ತುತ್ತಿರುತ್ತದೆ. ಅನುರಾಧಾ ಮೊದಲು, ಅದರ ಹಿಂದೆ ಕೆಂಪು ಜ್ಯೇಷ್ಠಾ. ಕೊನೆಗೆ ಕೊಂಡಿಯಲ್ಲಿ ಮೂಲಾ. ಚೇಳಿನ ಆಕಾರ ಪೂರ್ತಿ ಕಾಣಲು ಇನ್ನೂ ಮೂರ್ನಾಲ್ಕು ಗಂಟೆ ಬೇಕು. ಮಲಗುವವರು ಈಗ ಒಂದು ನಿದ್ದೆ ತೆಗೆಯಬಹುದು.

ಬೆಳಗಿನ 5ಕ್ಕೆ ಎದ್ದು ಆಗ್ನೇಯಕ್ಕೆ ನೋಡಿ. ಚೇಳಿನ ಕೊಂಡಿಯ ಪಕ್ಕದಲ್ಲಿ, ಅದರ ಎಡಕ್ಕೆ, ಟೀ ಕೆಟಲ್ ಆಕಾರದ ನಕ್ಷತ್ರಗಳಿವೆ. ಅದು ಧನು ರಾಶಿ. ಕೆಟಲ್ಲಿನ ಮೂತಿಯ ತುದಿಯಿಂದ ಮೂರು ಬೆರಳಿಗಿಂತ ತುಸು ಆಚೆ, ಉತ್ತರದ ಕಡೆಗೆ ಬೈನಾಕ್ಯುಲರ್ ಸರಿಸಿ. ಪೂರ್ವದ ಕಡೆ ಇರುವಾಗ ಉತ್ತರ ಅಂದರೆ ಎಡಕ್ಕೆ, ದಕ್ಷಿಣದಲ್ಲಿ ಎತ್ತರಕ್ಕೆ ಬಂದಾಗ ಮೇಲಕ್ಕೆ. ಕತ್ತಿಯ ವಿಷಯದಲ್ಲಿ ಹೇಳಿದ ಅದೇ ಲೆಕ್ಕ. ಅಲ್ಲಿ ಉದ್ದನೆಯ ಒಂದು ಬೆಳಕಿನ ಕಲೆ ಸಿಗುತ್ತದೆ. ಲಗೂನ್ ನೀಹಾರಿಕೆ, ಎಂ 8. ಅದರ ಹಿಂದೆ ಹಾಲುಹಾದಿ ಹರಡಿಕೊಂಡಿರುತ್ತದೆ, ಆದ್ದರಿಂದ ಯಾವುದು ಕಲೆ, ಯಾವುದು ಬರೀ ನಕ್ಷತ್ರಗಳ ಗುಂಪು ಅಂತ ಮೊದಲಿಗೆ ಗಲಿಬಿಲಿಯಾಗುತ್ತದೆ. ಓರೆ ನೋಟ ಹಾಕಿ. ಗುಂಪಾದರೆ ಚೂರುಚೂರಾಗಿ ಮಿಣಕುತ್ತದೆ, ನೀಹಾರಿಕೆ ಮಾತ್ರ ನುಣ್ಣಗೆ ನಿಲ್ಲುತ್ತದೆ.

ಆ ದಿನ ತಪ್ಪಿದರೆ ಮಾರ್ಚ್, ಏಪ್ರಿಲ್‌ನ ಬೆಳಗಿನ ಜಾವ ಇದೆ. ಮಳೆಗಾಲದಲ್ಲಿ ಆಸೆ ಬಿಡಬೇಕು. ಮೋಡ ಬಿಡುವು ಕೊಟ್ಟರೆ ಮಹಾಲಯ ಅಮಾವಾಸ್ಯೆಯ ಆಸುಪಾಸಿನ ಸಂಜೆ, ದಕ್ಷಿಣದಿಂದ ನೈಋತ್ಯಕ್ಕೆ ಇಳಿಯುವ ಮುಂಚೆ, ಅದೇ ಎಂ 8 ಇನ್ನೊಮ್ಮೆ ಸಿಗುತ್ತದೆ. ಅಷ್ಟು ಹೊತ್ತಿಗೆ ಬೆಳಗಿನ ಜಾವದ ಆಕಾಶದಲ್ಲಿ ಆರಿದ್ರಾ ಮತ್ತೆ ಎದ್ದಿರುತ್ತದೆ.